ಪಾರ್ಕಿಗೆ ಹೋಗು, ಗುರುಗಳನ್ನು ಹುಡುಕಬೇಡ

ತಂಗಿ,

ಅಕ್ಕಾ ಅಂತ ಕರೆದು ಬರೆದಿದ್ದೀಯ, ಹಾಗಾಗಿ ನಾನೂ ಏಕವಚನದಲ್ಲೇ ಬರೆಯುತ್ತೇನೆ. ನೀನು ಕೇಳಿದ್ದು ಇಷ್ಟು. ಗಂಡನ ಕೆಲಸಕ್ಕೆಂದು ಶಾಂಘೈಗೆ ಬಂದಿದ್ದೀಯ. ರಾತ್ರಿ ನಿದ್ದೆ ಸರಿಯಾಗಿ ಬರುತ್ತಿಲ್ಲ, ಸೊಂಟ ಹಿಡಿದುಕೊಂಡಿದೆ, ಗಂಡ ಆಫೀಸಿಗೆ ಹೋದಮೇಲೆ ಮಾತಿಗೆ ಜನ ಇಲ್ಲ. ಮನೆ ಹತ್ತಿರದ ಪಾರ್ಕಿನಲ್ಲಿ ಬೆಳಿಗ್ಗೆ ವಯಸ್ಸಾದವರು ನಿಧಾನಕ್ಕೆ ಕೈ ಎತ್ತಿ ಇಳಿಸಿ ಏನೋ ಮಾಡುತ್ತಾರೆ, ಅದರಿಂದ 'ಚೀ', ಅಂದರೆ ಮೈಯೊಳಗಿನ ಪ್ರಾಣಶಕ್ತಿ, ಬೆಳೆಯುತ್ತದೆ ಅಂತ ಪಕ್ಕದ ಮನೆಯವರು ಹೇಳಿದರಂತೆ. ಅದು ನಿಜವಾ, ಸೇರಿಕೊಂಡರೆ ಏನಾದರೂ ಅಂದುಕೊಳ್ಳುತ್ತಾರಾ, ದುಡ್ಡೆಷ್ಟು? ಯೋಗ ಗೊತ್ತಿರುವವಳಿಗೆ ಇದೆಲ್ಲ ಯಾಕೆ ಅಂತ ಊರಿಂದ ಅಮ್ಮ ಬೇರೆ ಕೇಳುತ್ತಿದ್ದಾರೆ.

ಹೋಗು. ಈ ವಾರವೇ ಹೋಗು. ಯಾರೂ ಏನೂ ಅಂದುಕೊಳ್ಳುವುದಿಲ್ಲ. ಪಾರ್ಕಿಗೆ ಟಿಕೆಟ್ ಇಲ್ಲ, ಗುಂಪಿಗೆ ಫೀಸಿಲ್ಲ. ಹಿಂದಿನ ಸಾಲಿನಲ್ಲಿ ನಿಂತು ಮುಂದಿರುವವರು ಮಾಡಿದ್ದನ್ನು ಮಾಡು, ಅಷ್ಟೇ ಅಡ್ಮಿಶನ್.

ಮೊದಲು ಯಾವ ಗುಂಪು ಯಾವುದು ಅಂತ ಗುರುತು ಹಿಡಿಯಬೇಕು. ಸ್ಪೀಕರ್ ಜೋರಾಗಿ ಹಾಕಿ ಸಾಲಾಗಿ ಕುಣಿಯುವವರದ್ದು ಗ್ವಾಂಗ್‌ಚಾಂಗ್ ವೂ, ಅಂದರೆ ಬಯಲು ಡಾನ್ಸ್. ಅದೂ ಚೆನ್ನಾಗಿರುತ್ತದೆ, ಆದರೆ ನೀನು ಕೇಳಿದ್ದು ಅದಲ್ಲ. ಒಂದೊಂದೇ ಹೆಜ್ಜೆ ಇಡುತ್ತಾ, ಭಾರವನ್ನು ಒಂದು ಕಾಲಿಂದ ಇನ್ನೊಂದಕ್ಕೆ ನಿಧಾನಕ್ಕೆ ಸಾಗಿಸುವವರದ್ದು ತಾಯ್‌ಚಿ. ಪಾರ್ಕುಗಳಲ್ಲಿ ಜಾಸ್ತಿ ಕಾಣುವುದು 1956ರಲ್ಲಿ ಸರ್ಕಾರದ ಕ್ರೀಡಾ ಆಯೋಗ ಯಾಂಗ್ ಮನೆತನದ ಶೈಲಿಯಿಂದ ಆರಿಸಿ ಚಿಕ್ಕದು ಮಾಡಿದ 24 ಭಂಗಿಗಳ ಸರಣಿ. ಚಿಕ್ಕದು ಅಂತ ಹೆಸರಿಗೆ, ಕಲಿಯೋಕೆ ತಿಂಗಳುಗಳೇ ಬೇಕು. ನಿಂತ ಜಾಗ ಬಿಟ್ಟು ಹೆಚ್ಚು ಕದಲದೆ ಎಂಟೇ ಎಂಟು ಚಲನೆ ಮಾಡುವವರದ್ದು ಬಾದುವಾನ್‌ಜಿನ್. ನಿನ್ನ ಸೊಂಟಕ್ಕೂ ನಿನ್ನ ಚೈನೀಸಿಗೂ ಸದ್ಯಕ್ಕೆ ಇದೇ ಸರಿ.

ನಾನು ಹೋಗುವುದು ಫೂಶಿಂಗ್ ಪಾರ್ಕಿಗೆ. 1909ರಲ್ಲಿ ಫ್ರೆಂಚರು ಈ ಊರಿನಲ್ಲಿ ಆಗ ತಮ್ಮ ಆಡಳಿತದಲ್ಲಿದ್ದ ಭಾಗದಲ್ಲಿ ಮಾಡಿಕೊಂಡ ಪಾರ್ಕು ಅದು. ಈಗ ಅಲ್ಲಿ ಮಾರ್ಕ್ಸ್ ಮತ್ತು ಏಂಗೆಲ್ಸ್ ದೊಡ್ಡ ಕಲ್ಲಿನ ವಿಗ್ರಹವಾಗಿ ನಿಂತಿದ್ದಾರೆ, ಸುತ್ತಮುತ್ತ ಜನ ಕೈಕಾಲು ಆಡಿಸುತ್ತಾರೆ. ನಿನ್ನ ಮನೆಯಿಂದ ಅದು ದೂರವಾದರೆ ಪರವಾಗಿಲ್ಲ, ಈ ಊರಿನ ಯಾವ ಪಾರ್ಕಿಗೆ ಹೋದರೂ ಒಂದು ಗುಂಪು ಇದ್ದೇ ಇರುತ್ತದೆ. ಅಷ್ಟೊಂದು ಜನಕ್ಕೆ ಬೆಳಿಗ್ಗೆ ಬಿಡುವು ಹೇಗೆ ಸಿಗುತ್ತದೆ ಅಂತ ನಿನಗೆ ಅನಿಸಿರಬಹುದು. ಇಲ್ಲಿ ಫ್ಯಾಕ್ಟರಿ ಹೆಂಗಸರಿಗೆ ಬಹಳ ಕಾಲ 50ಕ್ಕೇ ರಿಟೈರ್‌ಮೆಂಟ್ ಇತ್ತು, 2025ರಿಂದ ಸ್ವಲ್ಪಸ್ವಲ್ಪವೇ ಏರಿಸುತ್ತಿದ್ದಾರೆ. ಗಟ್ಟಿಮುಟ್ಟಾಗಿದ್ದು, ಪೆನ್ಷನ್ ಬರುತ್ತಾ, ಮಾತಾಡುವ ಆಸೆ ಬೇಕಾದಷ್ಟಿರುವ ಹೆಂಗಸರ ಲೋಕ ಅದು. ಅವರನ್ನು ಆಯೀ ಅಂತ ಕರೆಯಬೇಕು. ನಮ್ಮಲ್ಲಿ ಆಂಟಿ ಅನ್ನುತ್ತೇವಲ್ಲ, ಹಾಗೆ. ಮುಂದೆ ನಿಂತು ಮಾಡಿಸುವವರು ಲಾವ್‌ಶಿ. ನಿನ್ನ ಸಂಬಳ, ಬಾಡಿಗೆ, ಮಕ್ಕಳು ಯಾವಾಗ, ಎಲ್ಲ ಮೊದಲ ದಿನವೇ ಕೇಳುತ್ತಾರೆ. ಊರಿನ ನೆನಪು ಬಂದರೆ ಅಚ್ಚರಿಯಿಲ್ಲ.

ಬಾದುವಾನ್‌ಜಿನ್ ಹಳೆಯದು. ಹೆಸರು ಸೊಂಗ್ ರಾಜರ ಕಾಲದ ಬರಹದಲ್ಲೇ ಸಿಗುತ್ತದೆ, ಅಂದರೆ 12ನೇ ಶತಮಾನ. ಈಗ ಪಾರ್ಕಿನಲ್ಲಿ ಸಂಗೀತದ ಜೊತೆ ಮಾಡುವ ರೂಪವನ್ನು 2003ರಲ್ಲಿ ಸರ್ಕಾರದ ಕ್ರೀಡಾ ಇಲಾಖೆ ಹೊರತಂದಿತು. ಇಡೀ ಸರಣಿಗೆ ಸುಮಾರು 12 ನಿಮಿಷ. ಆಕಾಶವನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿಯುವುದು, ಬಿಲ್ಲು ಎಳೆದು ಹದ್ದಿಗೆ ಗುರಿಯಿಡುವುದು, ತಲೆ ಅಲ್ಲಾಡಿಸಿ ಬಾಲ ಬೀಸಿ ಎದೆಯ ಬೆಂಕಿ ಆರಿಸುವುದು, ಮುಷ್ಟಿ ಬಿಗಿದು ಕಣ್ಣು ಕೆಂಪಗೆ ಮಾಡುವುದು, ಹೀಗೆ ಹೆಸರುಗಳೂ ಮಜವಾಗಿವೆ. ಕೊನೆಯದರಲ್ಲಿ ಹಿಮ್ಮಡಿ ಎತ್ತಿ ಏಳು ಸಲ ನೆಲಕ್ಕೆ ಬಿಡುತ್ತಾರೆ, ಅದರಿಂದ ನೂರು ರೋಗ ಹೋಗುತ್ತದಂತೆ. ನೂರಲ್ಲದಿದ್ದರೂ ಕಾಲಿನ ಮೀನಖಂಡಕ್ಕೆ ಒಳ್ಳೆಯದು.

ಮೊದಲ ಚಲನೆಯನ್ನು ಬಿಡಿಸಿ ಹೇಳುತ್ತೇನೆ, ಉಳಿದದ್ದೂ ಅದರ ಮೇಲೇ ನಿಂತಿದೆ. ಕಾಲುಗಳನ್ನು ಭುಜದಷ್ಟು ಅಗಲ ಇಟ್ಟು ನಿಲ್ಲು. ಮಂಡಿ ಲಾಕ್ ಆಗಬಾರದು, ಸ್ವಲ್ಪ ಸಡಿಲ. ಹೊಕ್ಕಳ ಕೆಳಗೆ ಎರಡೂ ಕೈಯ ಬೆರಳು ಹೆಣೆದುಕೋ, ಅಂಗೈ ಮೇಲ್ಮುಖ. ಉಸಿರು ಒಳಗೆ ಬರುತ್ತಿದ್ದ ಹಾಗೆ ಕೈ ಎದೆಯವರೆಗೆ ಏರಲಿ. ಅಲ್ಲಿ ಅಂಗೈ ತಿರುಗಿಸಿ ತಲೆಯ ಮೇಲಕ್ಕೆ ಒತ್ತು, ಕಣ್ಣು ಕೈಯ ಹಿಂದೆ ಹೋಗಲಿ. ತೋಳು ನೆಟ್ಟಗಾದಮೇಲೆ ಗಲ್ಲ ಇಳಿಸಿ ಮುಂದೆ ನೋಡು, ಆದರೆ ಕೈ ಇನ್ನೂ ಮೇಲಕ್ಕೆ ತಳ್ಳುತ್ತಲೇ ಇರಲಿ. ಆ ಕ್ಷಣದಲ್ಲಿ ಪಕ್ಕೆ, ಬೆನ್ನು, ಸೊಂಟ ಒಟ್ಟಿಗೆ ಎಳೆಯುತ್ತವೆ. ಆಮೇಲೆ ಬೆರಳು ಬಿಡಿಸಿ, ಎರಡೂ ಕಡೆಯಿಂದ ಕೈ ಇಳಿಸುತ್ತಾ, ಮಂಡಿ ತುಸು ಬಗ್ಗಿಸುತ್ತಾ ಉಸಿರು ಬಿಡು. ಎರಡನೇ ಸಲಕ್ಕೇ ನಿನ್ನ ಭುಜ ಕಿವಿಯ ಹತ್ತಿರ ಹೋಗಿರುತ್ತದೆ. ಆಗ ಯಾರೋ ಒಬ್ಬ ಆಯೀ ಹಿಂದಿನಿಂದ ಬಂದು, ಕೇಳದೆ ಗೀಳದೆ, ಎರಡು ಬೆರಳಲ್ಲಿ ಭುಜ ಒತ್ತಿ 'ಫಾಂಗ್‌ಸೊಂಗ್' ಅನ್ನುತ್ತಾರೆ. ಸಡಿಲ ಬಿಡು ಅಂತ. ಮುಂದಿನ ವರ್ಷವೂ ಅದನ್ನೇ ಹೇಳುತ್ತಿರುತ್ತಾರೆ.

ಉಸಿರಿನ ವಿಷಯಕ್ಕೆ ಬಂದರೆ, ಯೋಗ ಕಲಿತ ನಮ್ಮಂಥವರಿಗೆ ತೊಡಕಾಗುವುದು ಇಲ್ಲೇ. ನಾವು ಪ್ರಾಣಾಯಾಮ ಅಂದರೆ ಎಣಿಸುತ್ತೇವೆ, ಮೂಗು ಹಿಡಿಯುತ್ತೇವೆ, ಕುಂಭಕ ಅಂತ ಉಸಿರು ನಿಲ್ಲಿಸುತ್ತೇವೆ. ಪಾರ್ಕಿನ ಚೀಗಾಂಗಿನಲ್ಲಿ, ಅಂದರೆ ಚೀ ಬೆಳೆಸಲೆಂದು ಮಾಡುವ ಬಾದುವಾನ್‌ಜಿನ್‌ನಂಥ ಅಭ್ಯಾಸಗಳಲ್ಲಿ, ಶುರುವಿಗೆ ಅದ್ಯಾವುದೂ ಇಲ್ಲ. ಮೂಗಿನಲ್ಲಿ ಸಹಜವಾಗಿ ಬರಲಿ, ಹೋಗಲಿ, ಸದ್ದು ಬೇಡ, ಹೊಟ್ಟೆ ತಾನಾಗಿ ಉಬ್ಬಿ ಇಳಿಯಲಿ ಅನ್ನುತ್ತಾರೆ. ಕೈಯ ವೇಗಕ್ಕೆ ಉಸಿರು ಹೊಂದದಿದ್ದರೆ ನಡುವೆ ಇನ್ನೊಂದು ಉಸಿರು ತೆಗೆದುಕೋ, ಯಾರೂ ಬೈಯುವುದಿಲ್ಲ. ಲಿಯೂ ಜು ಜುವೆ ಅಂತ ಇನ್ನೊಂದು ಸರಣಿಯಿದೆ, ಅದರಲ್ಲಿ ಉಸಿರು ಬಿಡುವಾಗ ಶೂ, ಹ, ಹೂ ಅಂತ ಆರು ಬೇರೆ ಬೇರೆ ಸದ್ದು ಮಾಡುತ್ತಾರೆ, ಒಂದೊಂದು ಸದ್ದು ಒಂದೊಂದು ಅಂಗಕ್ಕೆ. ಅದು ಆಮೇಲೆ ನೋಡಿದರಾಯಿತು. ಒಂದಂತೂ ಮಾಡಬೇಡ: ಬಾದುವಾನ್‌ಜಿನ್ ಮಾಡುತ್ತಾ ನಿನ್ನ ಕುಂಭಕವನ್ನು ಅದರೊಳಗೆ ತುರುಕಬೇಡ. ತಲೆ ಸುತ್ತುತ್ತದೆ, ಎದೆ ಬಿಗಿಯುತ್ತದೆ. ಎರಡನ್ನೂ ಮಾಡು, ಬೇರೆ ಬೇರೆ ಹೊತ್ತಿನಲ್ಲಿ ಮಾಡು.

ನಿದ್ದೆಗೆ ಮಾತ್ರ ನನ್ನ ಓಟು ಜಾನ್‌ಜ್ವಾಂಗಿಗೆ. ಸುಮ್ನೆ ನಿಲ್ಲುವುದು, ಅಷ್ಟೇ. ದೊಡ್ಡ ಕುಂಬಳಕಾಯಿ ತಬ್ಬಿಕೊಂಡ ಹಾಗೆ ತೋಳನ್ನು ಎದೆಯ ಮುಂದೆ ದುಂಡಗೆ ಹಿಡಿದು, ಮೊಣಕೈ ಇಳಿಬಿಟ್ಟು ನಿಲ್ಲಬೇಕು. ಬೀಜಿಂಗಿನ ವಾಂಗ್ ಶಿಯಾಂಗ್‌ಜಾಯ್ (1885–1963) ಎಂಬ ಯುದ್ಧಕಲೆಯ ಗುರು ತನ್ನ ಇಡೀ ಪದ್ಧತಿಯನ್ನು ಈ ನಿಲುವಿನ ಮೇಲೇ ಕಟ್ಟಿದರು, ಕೊನೆಯ ವರ್ಷಗಳಲ್ಲಿ ಆರೋಗ್ಯಕ್ಕೆಂದೇ ಇದನ್ನು ಕಲಿಸಿದರು. ಮೊದಲಿಗೆ ಮೂರು ನಿಮಿಷ ಸಾಕು. ಒಂದು ನಿಮಿಷಕ್ಕೆ ಭುಜ ಉರಿಯುತ್ತದೆ, ಆಮೇಲೆ ತೊಡೆ ನಡುಗುತ್ತದೆ, ಆಮೇಲೆ ಗ್ಯಾಸ್ ಆಫ್ ಮಾಡಿದ್ದೀನಾ ಅಂತ ಯೋಚನೆ ಬರುತ್ತದೆ. ಮನಸ್ಸನ್ನು ದಾನ್‌ತಿಯೆನ್ ಹತ್ತಿರ ಇಡು ಅನ್ನುತ್ತಾರೆ, ಹೊಕ್ಕಳಿನಿಂದ ಮೂರು ಬೆರಳು ಕೆಳಗೆ, ಹೊಟ್ಟೆಯ ಒಳಗಡೆ. ಅಲ್ಲಿಗೆ ಗಮನ ಒತ್ತಿ ಹಿಡಿಯಬೇಡ, ಮೆಲ್ಲಗೆ ಇಟ್ಟರೆ ಸಾಕು. ಧ್ಯಾನ ಅಂತ ಬೇರೆ ಕೂರಬೇಕಿಲ್ಲ, ಶುರುವಿಗೆ ಇದೇ ಧ್ಯಾನ.

ಈಗ ನಿನ್ನ ದೊಡ್ಡ ಪ್ರಶ್ನೆ, ಚೀ ಬೆಳೆಯುತ್ತದಾ. ಸ್ವಲ್ಪ ದಿನ ಮಾಡಿದಮೇಲೆ ಅಂಗೈ ಬಿಸಿಯಾಗುತ್ತದೆ, ಬೆರಳ ತುದಿ ಜುಮ್ ಅನ್ನುತ್ತದೆ, ಎರಡು ಅಂಗೈ ಎದುರುಬದುರು ಹಿಡಿದರೆ ನಡುವೆ ಏನೋ ಇರುವ ಹಾಗಿರುತ್ತದೆ. ಆಯೀಗಳು ಅದನ್ನು ಚೀ ಅನ್ನುತ್ತಾರೆ. ಡಾಕ್ಟರನ್ನು ಕೇಳಿದರೆ ಸ್ನಾಯು ಸಡಿಲವಾಗಿ ಕೈಗೆ ರಕ್ತ ಚೆನ್ನಾಗಿ ಹರಿದಿದೆ ಅನ್ನಬಹುದು. ಚೀಯನ್ನು ಯಾವ ಯಂತ್ರವೂ ಅಳೆದಿಲ್ಲ. ನನಗೆ ಈ ಜಗಳದಲ್ಲಿ ಆಸಕ್ತಿಯಿಲ್ಲ. ಜುಮ್ ಅನ್ನಿಸಲಿ ಅಂತ ಕಾಯುತ್ತಾ ನಿಲ್ಲುವವರಿಗೆ ಭುಜ ಬಿಗಿಯುತ್ತದೆ, ಇದು ಮಾತ್ರ ನಾನು ಎಷ್ಟೋ ಜನರಲ್ಲಿ ನೋಡಿದ್ದೇನೆ. ಗಟ್ಟಿ ಪುರಾವೆ ಬೇಕು ಅಂತ ಎಂಜಿನಿಯರ್ ಗಂಡ ಕೇಳಿದರೆ ತಾಯ್‌ಚಿ ಬಗ್ಗೆ ಒಂದು ಹೇಳು. ಅಮೆರಿಕದ ಒರೆಗಾನ್‌ನಲ್ಲಿ 195 ಪಾರ್ಕಿನ್‌ಸನ್ಸ್ ರೋಗಿಗಳ ಮೇಲೆ 24 ವಾರ, ವಾರಕ್ಕೆ ಎರಡು ಸಲ ಮಾಡಿಸಿ ನೋಡಿದರು. ಬರೀ ಸ್ಟ್ರೆಚಿಂಗ್ ಮಾಡಿದವರಿಗಿಂತ ತಾಯ್‌ಚಿ ಮಾಡಿದವರ ಸಮತೋಲ ಸುಧಾರಿಸಿತು, ಬೀಳುವುದೂ ಕಡಿಮೆಯಾಯಿತು. 2012ರಲ್ಲಿ ಪ್ರಕಟವಾದದ್ದು. ರೋಗ ವಾಸಿಯಾಯಿತು ಅಂತ ಅವರೂ ಹೇಳಿಲ್ಲ.

ಇನ್ನೊಂದು ಕಥೆ ನಿನಗೆ ಗೊತ್ತಿರಬೇಕು, ಯಾಕೆಂದರೆ ಇಲ್ಲಿ ಇದನ್ನು ಯಾರೂ ಕೂರಿಸಿಕೊಂಡು ಹೇಳುವುದಿಲ್ಲ. ಈ ಅಭ್ಯಾಸಗಳು ಹಳೆಯವು ನಿಜ. ಚಾಂಗ್‌ಶಾ ಹತ್ತಿರದ ಮಾವಾಂಗ್‌ದುಯ್ ಗೋರಿಯಲ್ಲಿ ಸಿಕ್ಕ ರೇಷ್ಮೆಯ ಚಿತ್ರದಲ್ಲಿ 44 ಜನ ಕೈಕಾಲು ಚಾಚಿ ನಿಂತಿದ್ದಾರೆ, ಆ ಗೋರಿ ಮುಚ್ಚಿದ್ದು ಕ್ರಿ.ಪೂ. 168ರಲ್ಲಿ. ಆದರೆ ಎಲ್ಲವನ್ನೂ ಸೇರಿಸಿ ಚೀಗಾಂಗ್ ಅಂತ ಒಂದೇ ಹೆಸರಿನಲ್ಲಿ ಕರೆಯುವುದು ರೂಢಿಗೆ ಬಂದದ್ದು 1950ರ ದಶಕದಲ್ಲಿ. ಲಿಯೂ ಗುಯ್‌ಜೆನ್ ಎಂಬ ಕಮ್ಯುನಿಸ್ಟ್ ಪಕ್ಷದ ಕಾರ್ಯಕರ್ತನಿಗೆ ಹೊಟ್ಟೆ ಹುಣ್ಣಿತ್ತು. ಹಳ್ಳಿಯ ಒಂದು ಉಸಿರಾಟದ ಅಭ್ಯಾಸದಿಂದ ಗುಣವಾಯಿತು ಅಂತ ಆತ ಅದನ್ನು ಸರ್ಕಾರಿ ಆರೋಗ್ಯಧಾಮಗಳಿಗೆ ತಂದ. ಮಾವೋ ಕಾಲದ ಸಾಂಸ್ಕೃತಿಕ ಕ್ರಾಂತಿಯಲ್ಲಿ ಅದೇ ಮನುಷ್ಯ ಮೂಢನಂಬಿಕೆ ಹರಡಿದ ಅಂತ ಬೈಸಿಕೊಂಡ. 1980ರ ದಶಕದಲ್ಲಿ ಜ್ವರ ಬಂದ ಹಾಗೆ ಇಡೀ ದೇಶ ಚೀಗಾಂಗ್ ಹಿಡಿಯಿತು. ಸ್ಟೇಡಿಯಂ ತುಂಬ ಜನ, ದೂರದಿಂದಲೇ ರೋಗ ತೆಗೆಯುತ್ತೇನೆ ಅನ್ನುವ ಮಾಸ್ಟರುಗಳು. 1999ರಲ್ಲಿ, ಈ ಜ್ವರದಲ್ಲೇ ಬೆಳೆದ ಫಾಲುನ್ ಗಾಂಗ್ ಎಂಬ ಚೀಗಾಂಗ್ ಪಂಥವನ್ನು ಸರ್ಕಾರ ನಿಷೇಧಿಸಿತು, ಅಲ್ಲಿಗೆ ಆ ಕಾಲ ಮುಗಿಯಿತು. 2003ರ ಆ ಸರ್ಕಾರಿ ಸರಣಿ ಬಂದದ್ದು ಇದರ ಬೆನ್ನಿಗೇ. ಆ ಗುಂಪಿನ ಹೆಸರನ್ನು ಪಾರ್ಕಿನಲ್ಲಾಗಲಿ, ಇಲ್ಲಿನ ಮೆಸೇಜ್ ಆ್ಯಪ್ ವೀಚಾಟಿನಲ್ಲಾಗಲಿ ಎತ್ತಬೇಡ. ಯಾರಾದರೂ ಹಾಳೆ ಕೊಟ್ಟರೆ ತೆಗೆದುಕೊಳ್ಳಬೇಡ. ಮಾತು ಅತ್ತ ಹೋದರೆ ನನಗೆ ಚೈನೀಸ್ ಬರುವುದಿಲ್ಲ ಅನ್ನು, ಸದ್ಯಕ್ಕೆ ಅದು ನಿಜವೂ ಹೌದು.

ಹಾಗೆಯೇ ಮಾಸ್ಟರುಗಳಿಂದ ದೂರ ಇರು. ವಿದೇಶಿಯರನ್ನು ಕಂಡರೆ ಕಾರ್ಡು ಕೊಟ್ಟು, ಟೀ ಕುಡಿಸಿ, ನಿನ್ನ ಚೀ ಕಟ್ಟಿಕೊಂಡಿದೆ, ಬಿಡಿಸಲು ಪ್ಯಾಕೇಜ್ ತೆಗೆದುಕೋ ಅನ್ನುವವರು ಇದ್ದಾರೆ. ನನ್ನ ಪರಿಚಯದವರೊಬ್ಬರು ಅಂಥ ಒಂದು ಜಾಗದಲ್ಲಿ ಬಿಪಿ ಮಾತ್ರೆ ಬಿಟ್ಟು ಆಸ್ಪತ್ರೆ ಸೇರಬೇಕಾಯಿತು. ಮಾತ್ರೆ ಬಿಡು ಅಂದವರ ಹತ್ತಿರ ಮತ್ತೆ ಹೋಗಬಾರದು. ನಿನ್ನ ಸೊಂಟವನ್ನೂ ಮೊದಲು ಡಾಕ್ಟರಿಗೆ ತೋರಿಸು. ಡಿಸ್ಕ್ ತೊಂದರೆಯಿದ್ದರೆ ಪಾದ ಮುಟ್ಟುವ ಆರನೇ ಚಲನೆಯಲ್ಲಿ ಮಂಡಿಯ ಹತ್ತಿರವೇ ನಿಲ್ಲಿಸು, ಹಿಮ್ಮಡಿ ಕುಟ್ಟುವುದನ್ನು ಮೆಲ್ಲಗೆ ಮಾಡು.

ಅಮ್ಮನಿಗೆ ಏನು ಹೇಳುತ್ತೀಯ ಅಂತ ಯೋಚಿಸುತ್ತಿದ್ದೆ. ಇಂಡಿಯಾದಿಂದ ಚೀನಾಕ್ಕೆ ಬಂದ ಬೌದ್ಧ ಭಿಕ್ಷು ಬೋಧಿಧರ್ಮನ ಹೆಸರು ಹೇಳು, ಸಮಾಧಾನ ಆಗುತ್ತದೆ. ಇಲ್ಲಿ ಅವನನ್ನು ದಾಮೋ ಅನ್ನುತ್ತಾರೆ. ನೀನು ಇಂಡಿಯಾದವಳು ಅಂತ ಗೊತ್ತಾದ ಕೂಡಲೇ ಪಾರ್ಕಿನ ತಾತಂದಿರು 'ಓ, ದಾಮೋ!' ಅನ್ನುತ್ತಾರೆ. ಶಾವೊಲಿನ್ ಮಠಕ್ಕೆ ಈ ವಿದ್ಯೆ ಕೊಟ್ಟವನೇ ನಿಮ್ಮವನು ಅಂತ ಅವರ ನಂಬಿಕೆ. ಅವನದ್ದು ಅಂತ ಹೇಳುವ 'ಯೀಜಿನ್‌ಜಿಂಗ್' ಎಂಬ ವ್ಯಾಯಾಮದ ಗ್ರಂಥ 17ನೇ ಶತಮಾನದ್ದು ಅನ್ನುತ್ತಾರೆ ಇತಿಹಾಸ ಬಲ್ಲವರು, ಅಂದರೆ ಅವನು ಹೋಗಿ ಸಾವಿರ ವರ್ಷ ಆದಮೇಲೆ. ತಾತಂದಿರ ಜೊತೆ ವಾದ ಮಾಡಬೇಡ, ನಕ್ಕು ಮುಂದಿನ ಸಾಲಿಗೆ ಹೋಗು.

ಶೂ ತೆಳ್ಳಗಿರಲಿ. ಫೇಯುವೆ ಅಂತ ಇಲ್ಲಿನದೇ ಬಟ್ಟೆಯ ಶೂ ಅಗ್ಗಕ್ಕೆ ಸಿಗುತ್ತದೆ, ದಪ್ಪ ಅಟ್ಟೆಯ ರನ್ನಿಂಗ್ ಶೂನಲ್ಲಿ ನೆಲ ಗೊತ್ತಾಗುವುದಿಲ್ಲ. ಜೂನ್ ಮಧ್ಯದಿಂದ ಮಳೆ ಹಿಡಿದರೆ ಗುಂಪು ಮಂಟಪದ ಕೆಳಗೆ ಸೇರುತ್ತದೆ. ಚಳಿಗಾಲದಲ್ಲಿ ಸೊಂಟ ಮುಚ್ಚುವ ಬನಿಯನ್ ಹಾಕು, ಇಲ್ಲದಿದ್ದರೆ ಆಯೀಗಳೇ ನಿನ್ನ ಟೀಶರ್ಟ್ ಎಳೆದು ಸಿಗಿಸುತ್ತಾರೆ. ಫ್ಲಾಸ್ಕಿನಲ್ಲಿ ಬಿಸಿನೀರು ಒಯ್ಯಿ. ಐಸ್ ಕಾಫಿ ಹಿಡಿದು ಹೋದರೆ ಭಾಷಣ ಕೇಳಬೇಕಾಗುತ್ತದೆ.

ಕೊನೆಗೆ ಒಂದು ಎಚ್ಚರಿಕೆ. ಇಲ್ಲಿ ಯೋಗಕ್ಕೆ ಬಹಳ ಮರ್ಯಾದೆ. ನಮ್ಮ ಕೋಲಾರದ ಬೆಳ್ಳೂರಿನ ಬಿ.ಕೆ.ಎಸ್. ಅಯ್ಯಂಗಾರರು 2011ರಲ್ಲಿ, ತೊಂಬತ್ತು ದಾಟಿದ ಮೇಲೆ, ಗ್ವಾಂಗ್‌ಜೋಗೆ ಬಂದು ಹೋಗಿದ್ದಾರೆ. ಮೈಸೂರಿಗೆ ಹೋಗಿ ಕಲಿತು ಬಂದ ಚೀನಿಯರೂ ನಿನಗೆ ಸಿಗುತ್ತಾರೆ. ಕರ್ನಾಟಕದವಳು, ಯೋಗ ಬರುತ್ತದೆ ಅಂತ ಬಾಯಿಬಿಟ್ಟ ದಿನವೇ ಆಯೀಗಳು ನೀನು ಕಲಿಸು ಅನ್ನುತ್ತಾರೆ, ವೀಚಾಟಿನಲ್ಲಿ ದುಡ್ಡೂ ಕಳಿಸಲು ನೋಡುತ್ತಾರೆ. ನೀನು ಗಂಡನ ಜೊತೆ ಫ್ಯಾಮಿಲಿ ಪರ್ಮಿಟ್ ಮೇಲೆ ಇರುವವಳು, ಅದರಲ್ಲಿ ಸಂಪಾದನೆ ಮಾಡುವ ಹಾಗಿಲ್ಲ. ಸೂರ್ಯನಮಸ್ಕಾರ ತೋರಿಸು, ಬೇಡ ಅನ್ನುವುದಿಲ್ಲ. ದುಡ್ಡು ಬಂದರೆ ತೆಗೆದುಕೊಳ್ಳುವ ಬಟನ್ ಒತ್ತದೆ ಬಿಡು, 24 ಗಂಟೆಯಲ್ಲಿ ತಾನಾಗಿ ವಾಪಸ್ ಹೋಗುತ್ತದೆ. ಬದಲಿಗೆ ಅವರು ಮಾಡಿ ತರುವ ಬಾವೋಜ್, ಅಂದರೆ ಆವಿಯಲ್ಲಿ ಬೇಯಿಸಿದ ಹೂರಣದ ಬನ್ನು, ತೆಗೆದುಕೋ. ಒಳಗೆ ಹಂದಿ ಮಾಂಸ ಇರಬಹುದು, ಸಸ್ಯಾಹಾರಿಯಾದರೆ 'ವೊ ಛೃ ಸೂ' ಅಂತ ಮೊದಲ ದಿನವೇ ಹೇಳಿಬಿಡು.