ಬೆರಳಿಗಿಂತ ಮೊದಲೇ ಮೆದುಳು ತೀರ್ಮಾನಿಸುತ್ತದೆಯೇ?

ಪ್ರಶ್ನೆ: ಬೆರಳಾಡಿಸಬೇಕು ಎಂದು ನಮಗೆ ಅನ್ನಿಸುವ ಮೊದಲೇ ಮೆದುಳು ಅದನ್ನು ತೀರ್ಮಾನಿಸಿರುತ್ತದಂತೆ. ಹಾಗಾದರೆ ಸ್ವಂತ ಇಚ್ಛೆ ಬರೀ ಭ್ರಮೆ ಎಂದು ಸಾಬೀತಾಯಿತಲ್ಲವೇ?
– ಓದುಗರೊಬ್ಬರು, ಸಾಗರ

ಉತ್ತರ: ಇಲ್ಲ. ಅಳತೆ ನಿಜವೇ, ಆದರೆ ಅದರ ತಲೆಯ ಮೇಲೆ ಹೊರಿಸಿದ ತೀರ್ಮಾನ ತೀರಾ ಭಾರವಾಯಿತು.

ನೀವು ಕೇಳಿರುವುದು ನರವಿಜ್ಞಾನಿ ಬೆಂಜಮಿನ್ ಲಿಬೆಟ್ ಮತ್ತು ಸಂಗಡಿಗರು ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ನಡೆಸಿ 1983ರಲ್ಲಿ ಪ್ರಕಟಿಸಿದ ಪ್ರಯೋಗ. ಕುಳಿತವರ ಎದುರು ಗಡಿಯಾರದಂಥ ಪರದೆ. ಅದರ ಅಂಚಿನಲ್ಲಿ ಬೆಳಕಿನ ಚುಕ್ಕೆಯೊಂದು 2.56 ಸೆಕೆಂಡಿಗೆ ಒಂದು ಸುತ್ತು ಹಾಕುತ್ತದೆ. ಮನಸ್ಸು ಬಂದಾಗ ಮಣಿಕಟ್ಟನ್ನೋ ಬೆರಳನ್ನೋ ಥಟ್ಟನೆ ಆಡಿಸಬೇಕು. ಹಾಗೆ ಅನ್ನಿಸಿದಾಗ ಚುಕ್ಕೆ ಎಲ್ಲಿತ್ತು ಎಂದು ಆಮೇಲೆ ಹೇಳಬೇಕು. ನೆತ್ತಿಯ ಮೇಲಿನ ಎಲೆಕ್ಟ್ರೋಡ್ ಮೆದುಳಿನ ವಿದ್ಯುತ್ ಏರಿಳಿತವನ್ನು ದಾಖಲಿಸುತ್ತದೆ, ಮುಂಗೈ ಮೇಲಿನದು ಸ್ನಾಯು ಎಚ್ಚೆತ್ತ ಕ್ಷಣವನ್ನು. ಒಂದೇ ಸಲದ ದಾಖಲೆಯಲ್ಲಿ ಬೇಕಾದ ಅಲೆ ಗದ್ದಲದೊಳಗೆ ಮುಳುಗಿಹೋಗುತ್ತದೆ. ಹಾಗಾಗಿ 40 ಸಲದ ದಾಖಲೆಗಳನ್ನು ಸ್ನಾಯು ಎಚ್ಚೆತ್ತ ಕ್ಷಣಕ್ಕೆ ಸರಿಹೊಂದಿಸಿ ಸರಾಸರಿ ತೆಗೆದರು. ಅಲೆ ಏರತೊಡಗಿದ್ದು ಚಲನೆಗೆ ಸುಮಾರು 550 ಮಿಲಿಸೆಕೆಂಡ್ ಮೊದಲು. ‘ಆಡಿಸಬೇಕು’ ಅನ್ನಿಸಿದ್ದು ಸುಮಾರು 200 ಮಿಲಿಸೆಕೆಂಡ್ ಮೊದಲು.

ತೊಡಕು ಇರುವುದು ಆ ಸರಾಸರಿಯಲ್ಲೇ. ಸಮುದ್ರದ ದಡದಲ್ಲಿ ಮರಳ ಮೇಲೊಂದು ಗೆರೆ ಎಳೆಯಿರಿ. ನೀರು ಗೆರೆ ದಾಟಿದ ಸಲಗಳನ್ನಷ್ಟೇ ಆರಿಸಿ, ಅಲ್ಲಿಂದ ಹಿಂದಕ್ಕೆ ನೋಡಿದರೆ, ಸರಾಸರಿಯಲ್ಲಿ ನೀರು ಮೆಲ್ಲಗೆ ಏರುತ್ತಲೇ ಬಂದಂತೆ ಕಾಣುತ್ತದೆ. ಗೆರೆ ಮುಟ್ಟದೆ ಮರಳಿದ ಅಲೆಗಳು ಲೆಕ್ಕಕ್ಕೇ ಬರಲಿಲ್ಲ. ಆರನ್ ಶುರ್ಗರ್ ಮತ್ತು ಸಂಗಡಿಗರು 2012ರಲ್ಲಿ ತೋರಿಸಿದ್ದು ಇದನ್ನೇ: ಮೆದುಳಿನ ಸಹಜ ಏರಿಳಿತ ಒಂದು ಮಿತಿಯನ್ನು ದಾಟಿದಾಗ ಚಲನೆ ಹುಟ್ಟುತ್ತದೆ ಎಂದುಕೊಂಡರೂ ಇದೇ ಆಕಾರದ ಅಲೆ ಸಿಗುತ್ತದೆ. ಆಗ ಅಲೆಯ ಆರಂಭವನ್ನು ‘ತೀರ್ಮಾನ’ ಎನ್ನಲು ಆಧಾರವಿಲ್ಲ.

200 ಎಂಬ ಅಂಕಿಯೂ ಗಟ್ಟಿಯಲ್ಲ. ಕೈ ಆಡಿದ್ದು ಯಾವಾಗ ಎಂದು ಕೇಳಿದರೆ ಅದೇ ಜನ ಸ್ನಾಯು ನಿಜವಾಗಿ ಎಚ್ಚೆತ್ತದ್ದಕ್ಕಿಂತ ಸುಮಾರು 85 ಮಿಲಿಸೆಕೆಂಡ್ ಮುಂಚಿನ ಹೊತ್ತನ್ನು ಹೇಳಿದರು. ಒಂದು ಕಣ್ಣು ಚುಕ್ಕೆಯ ಮೇಲೆ, ಇನ್ನೊಂದು ಮನಸ್ಸಿನ ಮೇಲೆ ಇಡುವ ಕೆಲಸ ಅದು.

ಸ್ವತಃ ಲಿಬೆಟ್ ಇಚ್ಛೆಯನ್ನು ತಳ್ಳಿಹಾಕಲಿಲ್ಲ. ಕೊನೇ ಗಳಿಗೆಯಲ್ಲಿ ತಡೆಯುವ ಶಕ್ತಿ ಪ್ರಜ್ಞೆಗಿದೆ ಎಂದರು. ಅದಕ್ಕಿಂತ ನಮಗೆ ಮುಖ್ಯವಾಗಿ ಕಾಣುವುದು ಬೇರೆ: ಬೆರಳಾಡಿಸುತ್ತೇನೆ ಎಂದು ಆ ಮನುಷ್ಯ ಒಪ್ಪಿದ್ದು ಕುರ್ಚಿಯಲ್ಲಿ ಕೂರುವಾಗಲೇ. ಉಳಿದದ್ದು ‘ಯಾವಾಗ’ ಎಂಬುದಷ್ಟೇ. ಜಮೀನು ಮಾರಬೇಕೋ ಬೇಡವೋ ಎಂದು ವಾರಗಟ್ಟಲೆ ತೂಗಿನೋಡುವ ಮನಸ್ಸನ್ನು ಈ ಪ್ರಯೋಗ ಮುಟ್ಟಿಯೇ ಇಲ್ಲ.

ಪ್ರಶ್ನೆ: ಇದನ್ನು ತರಗತಿಯಲ್ಲಿ ಗೋಡೆ ಗಡಿಯಾರ ಇಟ್ಟುಕೊಂಡು ಮಾಡಬಹುದೇ?
– ಪಿಯು ಉಪನ್ಯಾಸಕಿ, ಹಾವೇರಿ

ಉತ್ತರ: ಗೋಡೆ ಗಡಿಯಾರದಲ್ಲಿ ಒಂದು ಮನೆ ದಾಟಲು ಪೂರ್ತಿ ಒಂದು ಸೆಕೆಂಡ್ ಬೇಕು, ಇಲ್ಲಿನ ಕಥೆಯೆಲ್ಲ ಸುಮಾರು ಅರ್ಧ ಸೆಕೆಂಡಿನಲ್ಲಿ ಮುಗಿಯುತ್ತದೆ. ಲಿಬೆಟ್ ಗಡಿಯಾರದ ಒಂದು ಮನೆ ಸುಮಾರು 43 ಮಿಲಿಸೆಕೆಂಡ್. ಕಂಪ್ಯೂಟರಿನಲ್ಲಿ ಅಂಥ ಚುಕ್ಕೆ ತಿರುಗಿಸಿ, ಕೀಲಿ ಒತ್ತಿಸಿ. 40 ಸಲ ‘ಯಾವಾಗ ಅನ್ನಿಸಿತು’, ಬೇರೆ 40 ಸಲ ‘ಯಾವಾಗ ಒತ್ತಿದಿರಿ’ ಎಂದು ಕೇಳಿ, ಎರಡರ ಸರಾಸರಿಗಳನ್ನು ಹೋಲಿಸಿ. ಮೆದುಳಿನ ಅಲೆ ನಿಮಗೆ ಸಿಗದು, ಆದರೆ ಜನರ ವರದಿ ಎಷ್ಟು ಸರಿಯುತ್ತದೆ ಎಂಬುದು ಕಣ್ಣಾರೆ ಕಾಣುತ್ತದೆ. ‘ಚುಕ್ಕೆ ಮೇಲೆ ಬಂದಾಗ ಒತ್ತುತ್ತೇನೆ’ ಎಂದು ಮೊದಲೇ ಗೊತ್ತುಮಾಡಿಕೊಂಡ ಸಲಗಳನ್ನು ಮಕ್ಕಳೇ ಹೇಳುವಂತೆ ಮಾಡಿ. ಅವನ್ನು ಲೆಕ್ಕದಿಂದ ಬಿಡಿ.