ಪಲ್ಪರ್ ನೀರು ಹಳ್ಳಕ್ಕೆ ಬಿಟ್ರೆ ಯಾರ ಹತ್ರ ಹೋಗ್ಬೇಕು? ಸಕಲೇಶಪುರದ ಅಕ್ಕನಿಗೆ

ಅಕ್ಕಾ, ಮೇಲಿನ ಕಾಫಿ ತೋಟದ ಪಲ್ಪರ್ ನೀರು, ಅಂದ್ರೆ ಕಾಫಿ ಹಣ್ಣಿನ ಸಿಪ್ಪೆ ಸುಲಿಯೋ ಯಂತ್ರದಿಂದ ಬರೋ ಕೊಳಕು ನೀರು, ನಿಮ್ಮ ಮನೆಗಳ ಹಿಂದಿನ ಹಳ್ಳಕ್ಕೆ ಬರ್ತಿದೆ, ಪಂಚಾಯ್ತಿಗೆ ಮೂರು ಸಲ ಹೇಳಿದ್ರೂ ಯಾರೂ ಬಂದು ನೋಡಿಲ್ಲ, ಯಾರ ಹತ್ರ ಹೋಗ್ಲಿ ಅಂತ ಈ ಗುಂಪಲ್ಲಿ ಕೇಳಿದ್ದೀರಿ. ನಾನು ಮೂಡಿಗೆರೆ ಕಡೆಯವನು. ನಮ್ಮಲ್ಲಿ ಪಲ್ಪರ್ ಅಲ್ಲ, ಕೋಳಿ ಶೆಡ್ಡಿನ ಗೊಬ್ಬರದ ರಾಶಿ. ಒಂದು ಕೈಲಿ ನೊಣ ಓಡಿಸ್ತಾ ಇನ್ನೊಂದು ಕೈಲಿ ಉಣ್ತಿದ್ವಿ. ವರ್ಷವಿಡೀ ಪಂಚಾಯ್ತಿಗೆ ಅಲೆದ ಮೇಲೆ ಅಲ್ಲಿ ಸಿಕ್ಕ ಉತ್ತರ: "ನಿಮ್ಮ ಅರ್ಜಿನೇ ಬಂದಿಲ್ವಲ್ಲ." ಸ್ವೀಕೃತಿ ಸೀಲು ಹಾಕಿಸ್ಕೊಂಡಿರಲಿಲ್ಲ ನಾನು.

ಅದಕ್ಕೇ, ಬಾಯಲ್ಲಿ ಹೇಳಿದ್ದೆಲ್ಲ ಮರೆತುಬಿಡಿ. ಪಿಡಿಒಗೆ ಒಂದು ಅರ್ಜಿ, ತಾಲ್ಲೂಕು ಪಂಚಾಯ್ತಿ ಇಒಗೆ (ಕಾರ್ಯನಿರ್ವಾಹಕ ಅಧಿಕಾರಿ) ಒಂದು, ಹಾಸನದ ಮಾಲಿನ್ಯ ನಿಯಂತ್ರಣ ಮಂಡಳಿ ಕಚೇರಿಗೆ ಒಂದು. ನಿಮ್ಮ ಪ್ರತಿಗೆ ಸೀಲು, ತಾರೀಕು ಬೀಳ್ಲೇಬೇಕು. ಹಾಕಲ್ಲ ಅಂದ್ರೆ ಸ್ಪೀಡ್ ಪೋಸ್ಟ್ ಮಾಡಿ ರಸೀದಿ ಇಟ್ಕೊಳ್ಳಿ. ಆಮೇಲೂ ಸುಮ್ನಿದ್ರೆ 10 ರೂಪಾಯಿ ಶುಲ್ಕ ಕಟ್ಟಿ ಮಾಹಿತಿ ಹಕ್ಕಲ್ಲಿ "ನನ್ನ ಅರ್ಜಿ ಮೇಲೆ ಏನು ಕ್ರಮ ಆಯ್ತು" ಅಂತ ಕೇಳಿ. 30 ದಿನದೊಳಗೆ ಉತ್ತರ ಕೊಡ್ಬೇಕು.

ಆದ್ರೆ ಅರ್ಜಿ ಮೇಲೆ ಅರ್ಜಿ ಬರೀತಾ ಕೂತ್ರೆ ಕುಯ್ಲು ಮುಗಿದು ಮಳೆನೂ ಬಂದಿರುತ್ತೆ. ನಿಮಗೆ ಬೇಕಾಗಿರೋದು ಸಕಲೇಶಪುರದ ಎಸಿ, ಅಂದ್ರೆ ಉಪವಿಭಾಗಾಧಿಕಾರಿ. ಅವರು ಬರೀ ಜಮೀನಿನ ತಕರಾರು ನೋಡೋರಲ್ಲ, ಮ್ಯಾಜಿಸ್ಟ್ರೇಟೂ ಹೌದು. ಸಾರ್ವಜನಿಕ ಉಪದ್ರವ ಇದೆ ಅನ್ನಿಸಿದ್ರೆ "ಇಷ್ಟು ದಿನದಲ್ಲಿ ನಿಲ್ಲಿಸು, ಇಲ್ಲಾ ಬಂದು ಯಾಕೆ ಆಗಲ್ಲ ಹೇಳು" ಅಂತ ಷರತ್ತಿನ ಆದೇಶ ಮಾಡ್ಬಹುದು. ಹಳೇ ಸಿಆರ್‌ಪಿಸಿಯ, ಅಂದ್ರೆ ದಂಡ ಪ್ರಕ್ರಿಯಾ ಸಂಹಿತೆಯ, 133ನೇ ಕಲಂ ಇದು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152 ಆಗಿದೆ. ಅಪಾಯ ತುರ್ತಿನದಾದ್ರೆ ವಿಚಾರಣೆ ಮುಗಿಯೋಕೂ ಮುಂಚೆ 161ರಲ್ಲಿ ತಡೆ ಕೊಡ್ಬಹುದು.

ಇಲ್ಲೇ ಜನ ಎಡವೋದು. "ನನ್ನ ಬಾವಿ ಹಾಳಾಯ್ತು" ಅಂತ ಒಬ್ಬರೇ ಹೋದ್ರೆ ಅದು ನಿಮ್ಮಿಬ್ಬರ ಖಾಸಗಿ ಜಗಳ, ಸಿವಿಲ್ ಕೋರ್ಟಿಗೆ ಹೋಗಿ ಅಂತಾರೆ. ಹಳ್ಳದ ನೀರು ಬಳಸೋ ಅಷ್ಟೂ ಮನೆಯವರು ಸಹಿ ಹಾಕ್ಬೇಕು. ಆ ತೋಟದಲ್ಲೇ ಕೂಲಿಗೆ ಹೋಗೋರು ಹಿಂದೇಟು ಹಾಕ್ತಾರೆ, ಬಲವಂತ ಮಾಡ್ಬೇಡಿ. ನಮಗೆ ಏಳು ಸಹಿ ಸಿಕ್ಕಿತ್ತು, ಸಾಕಾಯ್ತು. ಮಹಜರಿಗೆ, ಅಂದ್ರೆ ಜಾಗ ನೋಡಿ ಬರ್ಕೊಳ್ಳೋಕೆ, ಬಂದವರಿಗೆ ಶೆಡ್ ಹತ್ರ ಎರಡು ನಿಮಿಷ ನಿಲ್ಲೋಕಾಗ್ಲಿಲ್ಲ.

ಸಾಕ್ಷಿಗೆ ಫೋಟೋ ಒಂದೇ ಸಾಲದು. ಪಲ್ಪರ್ ನೀರು ಬಿಟ್ಟ ದಿನ ಕಂದು ಬಣ್ಣ, ಎರಡು ದಿನಕ್ಕೆ ಹಣ್ಣಿನ ಲೋಳೆಯಲ್ಲಿನ ಸಕ್ಕರೆ ಹುಳಿ ಬಂದು ನಾರೋಕೆ ಶುರು, ನೀರಿನ ಆಮ್ಲಜನಕ ಹೋಗಿ ಮೀನು ತೇಲುತ್ತೆ. ಅದಕ್ಕೆ ದಿನಚರಿ ಬರೀರಿ: ತಾರೀಕು, ಹೊತ್ತು, ಏನು ಕಂಡಿದ್ದು. ಹಳ್ಳದ ನೀರಿನ ಮಾದರಿಯನ್ನ ಮಂಡಳಿಯವರೇ ತೆಗೀಲಿ, ನೀವು ಬಾಟ್ಲಲ್ಲಿ ತುಂಬಿಸಿ ತಂದಿದ್ದನ್ನ ಎದುರು ವಕೀಲರು ಸುಲಭಕ್ಕೆ ಒಪ್ಪಲ್ಲ. 1974ರ ಜಲ ಕಾಯ್ದೆಯ 24ನೇ ಕಲಂ ಪ್ರಕಾರ ಹಳ್ಳಕ್ಕೆ ಕೊಳಕು ಬಿಡೋದೇ ನಿಷಿದ್ಧ. ಹಳ್ಳ ಕೊನೆಗೆ ಸೇರೋದು ಹೇಮಾವತಿಗೆ ಅನ್ನೋದನ್ನೂ ಅರ್ಜೀಲಿ ಕಾಣಿಸಿ. (ಈ ಗುಂಪಲ್ಲೂ ರಾತ್ರಿ ಹೊತ್ತು ತೂಬು ಎತ್ತಿ ಪಲ್ಪರ್ ನೀರನ್ನ ಹಳ್ಳಕ್ಕೆ ಬಿಡೋ ತೋಟದವರು ಇದ್ದೀರಿ. ಬೇಜಾರಾಗ್ಬೇಡಿ ಮಾರಾಯ್ರೇ, ಗುಂಡಿ ತೋಡಿ ಆ ನೀರನ್ನ ಅಲ್ಲಿ ನಿಲ್ಲಿಸಿ ಸುಣ್ಣ ಹಾಕಿ.)

ಪಂಚಾಯ್ತಿಯವರು "ದುಡ್ಡಿಲ್ಲ" ಅಂದ್ರೆ ಮಧ್ಯಪ್ರದೇಶದ ರತ್ಲಾಂ ಪುರಸಭೆ ಪ್ರಕರಣ ನೆನಪಿಸಿ. ತೆರೆದ ಚರಂಡಿ, ಮದ್ಯಸಾರದ ಕಾರ್ಖಾನೆ ನೀರಿನ ವಾಸನೆ ತಡೀಲಾರದೆ ಜನ ಇದೇ 133ರಲ್ಲಿ ಹೋಗಿದ್ರು. ಹಣ ಇಲ್ಲ ಅನ್ನೋದು ನೆಪ ಆಗಲ್ಲ ಅಂತ 1980ರಲ್ಲಿ ಸುಪ್ರೀಂ ಕೋರ್ಟಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಬರೆದ್ರು.

ಎಸಿ ಹತ್ರನೂ ಆಗ್ಲಿಲ್ಲ ಅಂದ್ರೆ ಹೈಕೋರ್ಟಲ್ಲಿ ರಿಟ್ ಇದೆ, ಪರಿಸರದ ಪ್ರಕರಣ ನೋಡೋ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯ ಚೆನ್ನೈ ಪೀಠ ಇದೆ. ಹಸಿರು ಪೀಠಕ್ಕೆ ಸಾಮಾನ್ಯವಾಗಿ ಆರು ತಿಂಗಳ ಗಡುವು, ತಡ ಮಾಡ್ಬೇಡಿ. ಸಿವಿಲ್ ಕೋರ್ಟಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 91ನೇ ಕಲಂ ಪ್ರಕಾರ ಇಬ್ಬರು ಸೇರಿ ಅನುಮತಿ ತಗೊಂಡು ದಾವೆ ಹಾಕ್ಬಹುದು, ಆದ್ರೆ ನಿಧಾನ. ನಾನಾಗಿದ್ರೆ ಅದನ್ನ ಕೊನೆಗಿಡ್ತೀನಿ.

ಸೋಮವಾರ ಎಸಿ ಕಚೇರಿಗೆ ಹೋಗೋದಾದ್ರೆ ಅರ್ಜಿ ಕರಡನ್ನ ಇವತ್ತೇ ಇಲ್ಲಿ ಹಾಕಿ, ನೋಡಿ ಹೇಳ್ತೀನಿ. ತೋಟದವರ ಹೆಸರು ಮಾತ್ರ ಇಲ್ಲಿ ಬರೀಬೇಡಿ.