ಬಂದೂಕು ಹಿಡಿದು ಜೈಲಿಗೆ ಹೋದವರನ್ನು ಜನ ನಂಬಿ ಗೆಲ್ಲಿಸಿದ್ದು ಎಲ್ಲಾದರೂ ಇದೆಯಾ?

ಇದೆ. ದಕ್ಷಿಣ ಅಮೆರಿಕದ ಉರುಗ್ವೆ ದೇಶದ ಹೋಸೆ ಮುಹಿಕಾ. ಅಲ್ಲಿನ ಜನ ಪ್ರೀತಿಯಿಂದ ಪೆಪೆ ಅಂತ ಕರೆಯುತ್ತಿದ್ದರು. ಗೆರಿಲ್ಲಾ ಆಗಿದ್ದವರು, ವರ್ಷಗಟ್ಟಲೆ ಜೈಲಲ್ಲಿ ಕೊಳೆತವರು, 2010ರಿಂದ 2015ರವರೆಗೆ ದೇಶದ ಅಧ್ಯಕ್ಷರಾಗಿದ್ದವರು. ನಾನು ಇವರ ಬಗ್ಗೆ ಓದತೊಡಗಿದ್ದು ರಾಜಕೀಯಕ್ಕಲ್ಲ, ಸೇವಂತಿಗೆಗೆ. ನಮ್ಮ ಮನೆಯಲ್ಲೂ ಸೇವಂತಿಗೆ ಬೆಳೆಯುತ್ತೇವೆ. ಅಧ್ಯಕ್ಷರಾಗಿದ್ದವರೊಬ್ಬರು ಹೂವು ಬೆಳೆದು ಮಾರುತ್ತಿದ್ದರು ಅಂತ ಗೊತ್ತಾದಾಗ ಬಿಡಲಾಗಲಿಲ್ಲ.

ಮೊದಲು ಅಭಿಮಾನಿಗಳು ನುಂಗಿಬಿಡುವ ಮಾತು ಹೇಳಿಬಿಡುತ್ತೇನೆ. 1960ರ ದಶಕದಲ್ಲಿ ಮುಹಿಕಾ ತುಪಾಮಾರೋಸ್ ಅನ್ನುವ ಎಡಪಂಥೀಯ ಗೆರಿಲ್ಲಾ ಗುಂಪು ಸೇರಿದಾಗ ಉರುಗ್ವೆಯಲ್ಲಿ ಇದ್ದದ್ದು ಚುನಾಯಿತ ಸರ್ಕಾರ, ಸೇನಾಡಳಿತ ಅಲ್ಲ. ಗುಂಪು ಬ್ಯಾಂಕ್ ದೋಚಿತು, ಜನರನ್ನು ಅಪಹರಿಸಿತು, ಕೊಂದದ್ದೂ ಉಂಟು. 1970ರಲ್ಲಿ ರಾಜಧಾನಿ ಮಾಂಟೆವಿಡಿಯೊದ ಒಂದು ಬಾರಿನಲ್ಲಿ ಪೊಲೀಸರ ಕೈಗೆ ಸಿಕ್ಕಾಗ ಮುಹಿಕಾ ಮೈಗೆ ಆರು ಗುಂಡು ಬಿದ್ದವು. ಬದುಕಿದ್ದೇ ಹೆಚ್ಚು. ಮರುವರ್ಷ ಸೆಪ್ಟೆಂಬರಿನಲ್ಲಿ ಪುಂಟಾ ಕರೇಟಾಸ್ ಜೈಲಿನಿಂದ ಸುರಂಗ ಕೊರೆದು ನೂರಕ್ಕೂ ಜಾಸ್ತಿ ಕೈದಿಗಳು ಪರಾರಿಯಾದರು, ಅವರಲ್ಲಿ ಇವರೂ ಒಬ್ಬರು. (ಆ ಜೈಲು ಈಗ ಶಾಪಿಂಗ್ ಮಾಲ್!) 1972ರಲ್ಲಿ ಮತ್ತೆ ಸಿಕ್ಕಿಬಿದ್ದರು. ಆಮೇಲೆ ಹೊರಗೆ ಬಂದದ್ದು 1985ಕ್ಕೆ.

1973ರಲ್ಲಿ ಸೇನೆ ಅಧಿಕಾರ ಕಿತ್ತುಕೊಂಡಿತು. ಮುಹಿಕಾ ಸೇರಿ ತುಪಾಮಾರೋಸ್‌ನ ಒಂಬತ್ತು ನಾಯಕರನ್ನು ಒತ್ತೆಯಾಳುಗಳ ಹಾಗೆ ಇಟ್ಟುಕೊಂಡಿತು. ಹೊರಗಿನವರು ಬಾಲ ಬಿಚ್ಚಿದರೆ ಒಳಗಿನವರ ಹೆಣ ಬೀಳುತ್ತದೆ ಅನ್ನುವ ಲೆಕ್ಕ. ಒಂದು ಸೇನಾ ಶಿಬಿರದಿಂದ ಇನ್ನೊಂದಕ್ಕೆ ಸಾಗಿಸುತ್ತಲೇ ಇದ್ದರು. ಮಾತಿಗೆ ಜನ ಇಲ್ಲ, ಓದಲು ಪುಸ್ತಕ ಇಲ್ಲ. ಇರುವೆಗಳನ್ನು ಕಿವಿಯ ಹತ್ತಿರ ಹಿಡಿದರೆ ಅವು ಕೂಗುವುದು ಕೇಳಿಸುತ್ತದೆ ಅಂತ ಆಮೇಲೆ ಮುಹಿಕಾ ಅವರೇ ಹೇಳುತ್ತಿದ್ದರು. ಅಂಥ ಮೌನ ಅದು. ಅವರಿಗೆ ಮೂತ್ರದ ತೊಂದರೆ ಇತ್ತು. ಹೂವು ಮಾರಿ ಮಗನನ್ನು ಸಾಕಿದ್ದ ಅಮ್ಮ ಒಂದು ಗುಲಾಬಿ ಬಣ್ಣದ ಪಾಟಿ ತಂದುಕೊಟ್ಟರು. ಸಣ್ಣ ಮಕ್ಕಳನ್ನು ಕಕ್ಕಸಿಗೆ ಕೂರಿಸುತ್ತೇವಲ್ಲ, ಅದು. 1985ರಲ್ಲಿ ಬಿಡುಗಡೆಯಾದಾಗ ಅದೇ ಪಾಟಿಯಲ್ಲಿ ಹೂವಿನ ಗಿಡ ನೆಟ್ಟುಕೊಂಡು ಹೊರಗೆ ಬಂದರು.

ಹಾಗಾದರೆ ಜನ ಇವರನ್ನು ನಂಬಿದ್ದಾದರೂ ಹೇಗೆ? 'ಜೈಲಲ್ಲಿ ಕಷ್ಟಪಟ್ಟರು, ಜನ ಕರಗಿ ಓಟು ಹಾಕಿದರು' ಅಂತ ಸುಮ್ನೆ ಹೇಳಿ ಮುಗಿಸುವವರೇ ಜಾಸ್ತಿ. ನನಗೆ ಅದು ಒಪ್ಪಿಗೆಯಿಲ್ಲ. ಬಿಡುಗಡೆಗೂ ಮೊದಲ ಗೆಲುವಿಗೂ ನಡುವೆ ಒಂಬತ್ತು ವರ್ಷ ಇದೆ. ಆ ಒಂಬತ್ತು ವರ್ಷ ಏನು ಮಾಡಿದರು ಗೊತ್ತಾ? ಊರೂರಿನ ಚೌಕಗಳಲ್ಲಿ ಕೂತು ಜನರ ಜತೆ ಮಾಟೆ ಕುಡಿದರು. ಮಾಟೆ ಅಂದರೆ ಒಣಗಿದ ಎಲೆಗೆ ಬಿಸಿನೀರು ಹೊಯ್ದು ಕುಡಿಯುವ ಕಹಿ ಪಾನೀಯ. ಒಂದೇ ಸೋರೆ ಬುರುಡೆ ಕೈಯಿಂದ ಕೈಗೆ ಹೋಗುತ್ತದೆ, ಒಂದೇ ಕೊಳವೆಯಲ್ಲಿ ಎಲ್ಲರೂ ಹೀರುತ್ತಾರೆ. ವೇದಿಕೆ ಇಲ್ಲ, ಹಾರ ಇಲ್ಲ. ಯಾರು ಬೇಕಾದರೂ ಎದುರು ಕೂತು ಬೈಯಬಹುದಿತ್ತು.

1989ರಲ್ಲಿ ಹಳೆಯ ಗೆರಿಲ್ಲಾಗಳನ್ನು ಎಡಪಕ್ಷಗಳ ಒಕ್ಕೂಟವಾದ ಫ್ರೆಂತೆ ಆಂಪ್ಲಿಯೊ ಒಳಗೆ ಸೇರಿಸಿಕೊಂಡಿತು. ಇದು ಆಗದಿದ್ದರೆ ಮುಂದಿನದು ಯಾವುದೂ ಆಗುತ್ತಿರಲಿಲ್ಲ ಅನ್ನಿಸುತ್ತದೆ. 1994ರಲ್ಲಿ ಸಂಸದರಾದರು. ಹಳೇ ವೆಸ್ಪಾದಲ್ಲಿ ಸಂಸತ್ತಿಗೆ ಬಂದಾಗ ಕಾವಲಿನವನು 'ಜಾಸ್ತಿ ಹೊತ್ತು ಇರ್ತೀರಾ?' ಅಂತ ಕೇಳಿದನಂತೆ. 'ಐದು ವರ್ಷ ಇರೋಣ ಅಂತಿದ್ದೀನಿ' ಅಂದರಂತೆ ಇವರು. ಆಮೇಲೆ ಸೆನೆಟ್, 2005ರಲ್ಲಿ ಕೃಷಿ ಮಂತ್ರಿ, 2009ರ ಚುನಾವಣೆಯಲ್ಲಿ ಅಧ್ಯಕ್ಷ. ಪ್ರಮಾಣವಚನ ಬೋಧಿಸಿದ್ದು ಅವರ ಹೆಂಡತಿ ಲೂಸಿಯಾ ತೊಪೊಲಾನ್ಸ್ಕಿ. ಅವರೂ ಮಾಜಿ ಗೆರಿಲ್ಲಾ, ಅವರೂ ಜೈಲು ಕಂಡವರೇ. ಅಧ್ಯಕ್ಷರ ಅರಮನೆ ಬೇಡ ಅಂದದ್ದು, ಹಳೇ ನೀಲಿ ಫೋಕ್ಸ್‌ವ್ಯಾಗನ್, ಮೂರು ಕಾಲಿನ ನಾಯಿ, ಇವೆಲ್ಲ ನೀವು ಕೇಳಿಯೇ ಇರುತ್ತೀರಿ.

ಆದರೆ ಇದಕ್ಕೊಂದು ಕಹಿ ಬೆಲೆಯೂ ಇತ್ತು. 1985ರಲ್ಲಿ ರಾಜಕೀಯ ಕೈದಿಗಳಿಗೆ ಕ್ಷಮಾದಾನ ಸಿಕ್ಕಿತು. 1986ರಲ್ಲಿ ಇನ್ನೊಂದು ಕಾನೂನು ಬಂದು ಚಿತ್ರಹಿಂಸೆ ಕೊಟ್ಟ ಸೈನಿಕರೂ ವಿಚಾರಣೆಯಿಂದ ಬಚಾವಾದರು. ಅದನ್ನು ರದ್ದು ಮಾಡಬೇಕಾ ಅಂತ 1989ರಲ್ಲಿ ಒಮ್ಮೆ, 2009ರಲ್ಲಿ ಇನ್ನೊಮ್ಮೆ ಜನರನ್ನೇ ಕೇಳಿದರು. ಎರಡು ಸಲವೂ ಪ್ರಸ್ತಾವ ಬಿದ್ದುಹೋಯಿತು. ತನ್ನ ತೋಟದಲ್ಲಿ ಎಷ್ಟೋ ದಶಕದಿಂದ ದ್ವೇಷ ಬೆಳೆಯುತ್ತಿಲ್ಲ ಅಂತ ಮುಹಿಕಾ 2020ರಲ್ಲಿ ಸೆನೆಟ್ ಬಿಡುವಾಗ ಹೇಳಿದರು. ಮಾತು ಚೆನ್ನಾಗಿದೆ. ಆದರೆ ಮಗ ಎಲ್ಲಿ ಹೋದ ಅಂತ ಇನ್ನೂ ಗೊತ್ತಿಲ್ಲದ ತಾಯಿಗೆ ಈ ಮಾತು ಹೇಗೆ ಕೇಳಿಸಿರಬೇಡ, ಅಲ್ವಾ?

ಸೇನಾಡಳಿತದಲ್ಲಿ ಕಣ್ಮರೆಯಾದವರ ಮನೆಯವರು 1996ರಿಂದ ವರ್ಷವರ್ಷವೂ ಮೇ 20ರಂದು ಮಾಂಟೆವಿಡಿಯೊದಲ್ಲಿ ಘೋಷಣೆ ಕೂಗದೆ, ಫೋಟೊ ಹಿಡಿದು ನಡೆಯುತ್ತಾರೆ. ಮುಹಿಕಾ ಹುಟ್ಟಿದ್ದೂ ಮೇ 20ರಂದೇ, 1935ರಲ್ಲಿ. 2025ರ ಮೇ 13ಕ್ಕೆ ತೀರಿಕೊಂಡರು. ಅವರಿಗೆ ತೊಂಬತ್ತು ತುಂಬಬೇಕಿದ್ದ ದಿನ ಆ ಜನ ಎಂದಿನಂತೆ ಫೋಟೊ ಹಿಡಿದು ರಸ್ತೆಗೆ ಇಳಿದಿದ್ದರು.